ಯಾವ ತಾರೀಖಿನ ರಾಜಧಾನಿ?

ದಕ್ಷಿಣ ಭಾರತದ ರಾಜ್ಯಗಳು ಐದು, ರಾಜಧಾನಿಗಳೂ ಐದು. ಜೊತೆಗೆ ಪುದುಚೇರಿ, ಲಕ್ಷದ್ವೀಪ ಎಂಬ ಎರಡು ಕೇಂದ್ರಾಡಳಿತ ಪ್ರದೇಶಗಳು. ಈಶಾನ್ಯದ ಇಟಾನಗರ, ಐಜಾಲ್, ಕೊಹಿಮಾಗಳನ್ನು ಉರು ಹೊಡೆದು ಸುಸ್ತಾದ ವಿದ್ಯಾರ್ಥಿಗೆ ಇದು ಊಟದ ಗಂಟೆಗೆ ಮೊದಲೇ ಮುಗಿಯಬೇಕಾದ ಪಾಠ. ಮುಗಿಯುತ್ತದೆ ಎಂದು ನಂಬಿದವರು ಹೈದರಾಬಾದಿನ ಬೇಗಂ ಬಜಾರಿನಲ್ಲಿ ಕೂತು ಅದನ್ನು ಕಲಿತವರಲ್ಲ.

ನಿಜಾಮ್ ಅಲಿ ಖಾನ್ 1763ರಲ್ಲಿ ತನ್ನ ರಾಜಧಾನಿಯನ್ನು ಔರಂಗಾಬಾದಿನಿಂದ ಹೈದರಾಬಾದಿಗೆ ತಂದ. ಅವನ ಬೇಗಂ, ಹಮ್ದಾ ಬೇಗಂ, ವ್ಯಾಪಾರಿಗಳಿಗೆ ಬಿಟ್ಟುಕೊಟ್ಟ ಜಾಗವೇ ಮೂಸಿ ನದಿಯ ಈಚೆ ದಂಡೆಯ ಬೇಗಂ ಬಜಾರು ಎನ್ನುತ್ತಾರೆ. ಗಂಡ ತಂದದ್ದು ರಾಜಧಾನಿ, ಹೆಂಡತಿ ಕೊಟ್ಟದ್ದು ಬಜಾರು. ಎರಡರಲ್ಲಿ ಬಜಾರಿನ ವಿಳಾಸ ಮಾತ್ರ ಇವತ್ತಿಗೂ ಒಂದೇ ವಾಕ್ಯದಲ್ಲಿ ಮುಗಿಯುತ್ತದೆ. ರಾಜಧಾನಿಯದು ಹಾಗಲ್ಲ. 1945ರಲ್ಲಿ ಇಲ್ಲಿ ಹುಟ್ಟಿ ಮನೆ ಬದಲಿಸದ ಮನುಷ್ಯನೊಬ್ಬ 1948ರ ಸೆಪ್ಟೆಂಬರ್‌ವರೆಗೆ ನಿಜಾಮನ ರಾಜಧಾನಿಯಲ್ಲಿದ್ದ. ಆಮೇಲೆ ಭಾರತಕ್ಕೆ ಸೇರಿದ ಹೈದರಾಬಾದ್ ರಾಜ್ಯದ ರಾಜಧಾನಿಯಲ್ಲಿದ್ದ. 1956ರ ನವೆಂಬರ್ 1ರಿಂದ ಆಂಧ್ರಪ್ರದೇಶದ ರಾಜಧಾನಿಯಲ್ಲಿ, 2014ರ ಜೂನ್ 2ರಿಂದ ತೆಲಂಗಾಣದ ರಾಜಧಾನಿಯಲ್ಲಿ. ಅಷ್ಟು ಸಾಲದೆಂಬಂತೆ, ಮುಂದಿನ ಹತ್ತು ವರ್ಷ ಅದೇ ಊರು ಆಂಧ್ರಕ್ಕೂ ಜಂಟಿ ರಾಜಧಾನಿ. ಇಷ್ಟೆಲ್ಲ ಸುತ್ತುವುದಕ್ಕೆ ಅವನು ಅಂಗಡಿಯ ಗಾದಿಯಿಂದ ಇಳಿಯಬೇಕಾಗಿ ಬರಲಿಲ್ಲ.

ಕಲಬುರಗಿ ಕಡೆಯಿಂದ ಬಂದು ಇಲ್ಲಿ ಅಂಗಡಿ ಹಾಕಿದ ಮನೆಯಲ್ಲಿ ಹೋಂವರ್ಕಿನ ಸಂಭಾಷಣೆ ಹೀಗಿರಲು ಸಾಕು:

"ಮುತ್ಯಾ, ಆಂಧ್ರದ ರಾಜಧಾನಿ ಯಾವುದ?"

"ಯಾವ ವರ್ಸದ್ದು ಬೇಕ, ಅದನ್ನ ಮೊದಲ ಹೇಳು."

ಮುತ್ಯಾನ ಪ್ರಶ್ನೆ ತಮಾಷೆಯದಲ್ಲ. ಆಂಧ್ರ ರಾಜ್ಯ 1953ರ ಅಕ್ಟೋಬರ್ 1ರಂದು ಹುಟ್ಟಿದಾಗ ಕೇಳಿದ್ದು ಮದ್ರಾಸು, ಸಿಕ್ಕಿದ್ದು ಕರ್ನೂಲು. ಅಲ್ಲಿ ಕಟ್ಟಡ ಸಾಲದೆ ಸರ್ಕಾರಿ ಕಚೇರಿಗಳು ಡೇರೆಗಳಲ್ಲಿ ನಡೆದವು. ಹೈಕೋರ್ಟು ಗುಂಟೂರಿಗೆ ಹೋಯಿತು. ಮೂರು ವರ್ಷಕ್ಕೆ ಡೇರೆ ಕಿತ್ತು ಹೈದರಾಬಾದಿಗೆ ಬಂದದ್ದಾಯಿತು. 2015ರ ಅಕ್ಟೋಬರ್ 22ರಂದು ಪ್ರಧಾನಿ ಸಂಸತ್ತಿನ ಆವರಣದ ಮಣ್ಣು, ಯಮುನೆಯ ನೀರು ತಂದು ಅಮರಾವತಿಗೆ ಅಡಿಗಲ್ಲು ಹಾಕಿದರು. 2019ರ ನವೆಂಬರಿನಲ್ಲಿ ಕೇಂದ್ರ ಸರ್ಕಾರ ಹೊರಡಿಸಿದ ಭಾರತದ ಹೊಸ ನಕಾಶೆಯಲ್ಲಿ ಎಲ್ಲ ರಾಜ್ಯಗಳಿಗೂ ರಾಜಧಾನಿ ಇತ್ತು, ಆಂಧ್ರಕ್ಕೆ ಮಾತ್ರ ಇರಲಿಲ್ಲ. ವಿಷಯ ಲೋಕಸಭೆಯಲ್ಲಿ ಎದ್ದ ಮೇಲೆ ಅಮರಾವತಿಯ ಚುಕ್ಕೆ ಇಟ್ಟು ಮತ್ತೊಂದು ನಕಾಶೆ ಹೊರಟಿತು. ಸರ್ಕಾರದ ನಕಾಶೆಗೇ ತಪ್ಪಿದ ಉತ್ತರವನ್ನು ಐದನೇ ಇಯತ್ತೆಯ ಹುಡುಗ ತಪ್ಪಿದರೆ ಅಂಕ ಕಳೆಯುವುದು ಯಾವ ನ್ಯಾಯವೋ!

ಕೊರತೆಯ ಬೆನ್ನಿಗೇ ಸಮೃದ್ಧಿ ಬಂತು. 2020ರ ಕಾನೂನಿನಲ್ಲಿ ಆಂಧ್ರಕ್ಕೆ ಮೂರು ರಾಜಧಾನಿ: ಆಡಳಿತಕ್ಕೆ ವಿಶಾಖಪಟ್ಟಣ, ಶಾಸನಸಭೆಗೆ ಅಮರಾವತಿ, ನ್ಯಾಯಕ್ಕೆ ಮತ್ತೆ ಅದೇ ಕರ್ನೂಲು. ವಿದ್ಯಾರ್ಥಿಗಳ ಮಟ್ಟಿಗೆ ಇದು ಸುವರ್ಣಯುಗ. ಯಾವುದನ್ನು ಬರೆದರೂ ಮೂರನೇ ಒಂದು ಅಂಕ ಗ್ಯಾರಂಟಿ. 2021ರ ನವೆಂಬರಿನಲ್ಲಿ ಸರ್ಕಾರ ಆ ಕಾನೂನನ್ನು ವಾಪಸು ಪಡೆಯಿತು. 2022ರ ಮಾರ್ಚಿನಲ್ಲಿ ಹೈಕೋರ್ಟು ಅಮರಾವತಿಯನ್ನೇ ಕಟ್ಟಿ ಎಂದಿತು. 2024ರಲ್ಲಿ ಸರ್ಕಾರ ಬದಲಾಯಿತು, 2025ರ ಮೇ 2ರಂದು ಅದೇ ಪ್ರಧಾನಿ ಬಂದು ಅದೇ ಅಮರಾವತಿಯ ಕಾಮಗಾರಿಗೆ ಮತ್ತೆ ಚಾಲನೆ ಕೊಟ್ಟರು.

ಬೇಗಂ ಬಜಾರಿನವರಿಗೆ ಊರುಗಳ ಹೆಸರು ನೆನಪಿರುವುದಿಲ್ಲವೆಂದಲ್ಲ, ಅವರ ಭೂಗೋಳ ಬೇರೆ. ಮೆಣಸಿನಕಾಯಿಗೆ ಗುಂಟೂರು, ಬ್ಯಾಡಗಿ, ಅರಿಸಿನಕ್ಕೆ ನಿಜಾಮಾಬಾದು, ಈರೋಡು, ಏಲಕ್ಕಿಗೆ ಇಡುಕ್ಕಿ. ದಕ್ಷಿಣವೆಲ್ಲ ಚೀಲದಲ್ಲಿ ಬಂದು ಬೀಳುತ್ತದೆ, ಆದರೆ ಪಟ್ಟಿಯಲ್ಲಿ ಒಂದೂ ರಾಜಧಾನಿ ಇಲ್ಲ. ರಾಜಧಾನಿಯಿಂದ ಅಂಗಡಿಗೆ ತಪ್ಪದೆ ಬರುವ ಮಾಲು ನೋಟೀಸು ಒಂದೇ. ಅದನ್ನು ಯಾರೂ ಸಗಟಿನಲ್ಲಿ ಕೊಳ್ಳುವುದಿಲ್ಲ.

ಕರ್ನಾಟಕದ ಪಾಠ ಸುಲಭವೆನ್ನುವುದು ಬೆಂಗಳೂರಿನವರ ಅಭಿಪ್ರಾಯ. 1831ರಲ್ಲಿ ಬ್ರಿಟಿಷರು ಮೈಸೂರಿನ ಆಡಳಿತವನ್ನು ಬೆಂಗಳೂರಿಗೆ ಒಯ್ದ ಮೇಲೆ, ಮೈಸೂರು ರಾಜ್ಯದ ಆಡಳಿತ ಮೈಸೂರಿನಲ್ಲಿಲ್ಲ ಎಂಬ ಬಲೆ ಪರೀಕ್ಷೆಗಳಲ್ಲಿ ಕಾಯಂ ಆಯಿತು. ರಾಯಚೂರು, ಬೀದರ, ಕಲಬುರಗಿಯ ಮಕ್ಕಳು ಆ ಬಲೆಗೆ ಬಿದ್ದದ್ದು 1956ರಲ್ಲಿ. ಅಕ್ಟೋಬರ್ 31ರವರೆಗೆ ಅವರ ಪಾಠ ಬಹಳ ಸರಳ: ಹೈದರಾಬಾದ್ ರಾಜ್ಯ, ರಾಜಧಾನಿ ಹೈದರಾಬಾದ್. ಮಾರನೇ ದಿನ ರಾಜ್ಯದ ಹೆಸರು ಮೈಸೂರು, ರಾಜಧಾನಿ ಬೆಂಗಳೂರು, ಕಲಬುರಗಿಯಿಂದ ದೂರ ಎರಡು ಪಟ್ಟಿಗೂ ಹೆಚ್ಚು. 1973ರ ನವೆಂಬರ್ 1ರಂದು ರಾಜ್ಯದ ಹೆಸರು ಕರ್ನಾಟಕವಾದಾಗ ಮೈಸೂರಿನ ಬಲೆ ಹರಿಯಿತು. 2012ರಲ್ಲಿ ಬೆಳಗಾವಿಯಲ್ಲಿ ಸುವರ್ಣ ವಿಧಾನಸೌಧ ಎದ್ದಿತು. ವರ್ಷಕ್ಕೆ ಕೆಲವು ದಿನ ಸರ್ಕಾರವೇ ಅಲ್ಲಿಗೆ ಹೋಗಿ ಕೂರುತ್ತದೆ, ಉತ್ತರಪತ್ರಿಕೆ ಮಾತ್ರ ಬೆಂಗಳೂರನ್ನು ಬಿಟ್ಟು ಕದಲುವುದಿಲ್ಲ.

ಇದರಲ್ಲಿ ಕಲಬುರಗಿ ಸೀಮೆಯವರಿಗೆ ಒಂದು ಅಸಮಾಧಾನ ಉಳಿದೇ ಇದೆ. ರಾಷ್ಟ್ರಕೂಟರ ಮಾನ್ಯಖೇಟ, ಚಾಲುಕ್ಯರ ಕಲ್ಯಾಣ, ಬಹಮನಿ ಸುಲ್ತಾನರ ಕಲಬುರಗಿ, ಆಮೇಲೆ ಅವರದೇ ಬೀದರ. ಅಲ್ಲಿ ಎತ್ತಿನ ಗಾಡಿ ತಪ್ಪುದಾರಿ ಹಿಡಿದರೂ ಯಾವುದಾದರೊಂದು ರಾಜಧಾನಿಗೇ ಹೋಗಿ ನಿಲ್ಲುತ್ತದೆ. ನೃಪತುಂಗನ ಮಾನ್ಯಖೇಟ ಈಗ ಮಳಖೇಡ, ಸಿಮೆಂಟಿಗೆ ಹೆಸರುವಾಸಿ. ಇತಿಹಾಸದ ಪರೀಕ್ಷೆಯಲ್ಲಿ ಈ ಊರುಗಳಿಗೆಲ್ಲ ಅಂಕ ಉಂಟು, ಭೂಗೋಳದಲ್ಲಿ ಸೊನ್ನೆ.

ತಮಿಳುನಾಡು, ಕೇರಳಗಳು ಸಭ್ಯ ರಾಜ್ಯಗಳು. ಮದ್ರಾಸ್ ರಾಜ್ಯ 1969ರಲ್ಲಿ ತಮಿಳುನಾಡಾಯಿತು, 1996ರಲ್ಲಿ ಮದ್ರಾಸು ಚೆನ್ನೈ ಆಯಿತು. ಹೆಸರು ಬದಲಾದವೇ ಹೊರತು ಊರು ಅಲುಗಲಿಲ್ಲ. 1991ರಲ್ಲಿ ಟ್ರಿವೇಂಡ್ರಂ ಅಧಿಕೃತವಾಗಿ ತಿರುವನಂತಪುರವಾಯಿತು. ಕೇರಳದ ಹೈಕೋರ್ಟು ಎರ್ನಾಕುಳಂನಲ್ಲಿದೆ. ಅದಕ್ಕಾಗಿ ಯಾರೂ ಆ ಊರನ್ನು ನ್ಯಾಯದ ರಾಜಧಾನಿ ಎಂದು ಕರೆದು ಜಗಳ ತೆಗೆದಿಲ್ಲ.

ಪುದುಚೇರಿಯ ರಾಜಧಾನಿ ಪುದುಚೇರಿ. ಇಷ್ಟು ಹೇಳಿ ಮುಂದೆ ಹೋಗಬಹುದಿತ್ತು, ಆದರೆ ಯಾನಂ ಬಿಡುವುದಿಲ್ಲ. ಅದು ಆಂಧ್ರದ ಕಾಕಿನಾಡದ ಮಗ್ಗುಲಲ್ಲಿರುವ ತೆಲುಗು ಊರು. ಫ್ರೆಂಚರು ಬಿಟ್ಟುಹೋದ ಲೆಕ್ಕದಲ್ಲಿ ಪುದುಚೇರಿಗೆ ಸೇರಿದೆ. ಸುತ್ತಲಿನ ಆಂಧ್ರದವರು ಕರ್ನೂಲು, ಹೈದರಾಬಾದು, ಅಮರಾವತಿ ಎಂದು ಗುಡಾರ ಎತ್ತುತ್ತಿದ್ದಾಗ ಯಾನಂನ ಮಕ್ಕಳು ನೂರಾರು ಕಿಲೋಮೀಟರ್ ದೂರದ ಒಂದೇ ಊರನ್ನು ಬರೆದು ಪಾಸಾದರು.

ಉಳಿದದ್ದು ಲಕ್ಷದ್ವೀಪ. ಅಮಿನಿ, ಕಡಮತ್ ಮೊದಲಾದ ದ್ವೀಪಗಳು 1956ರವರೆಗೆ ಮದ್ರಾಸ್ ರಾಜ್ಯದ ದಕ್ಷಿಣ ಕನ್ನಡ ಜಿಲ್ಲೆಯಲ್ಲಿದ್ದವು, ಅಂದರೆ ಅವುಗಳ ಜಿಲ್ಲಾ ಕಚೇರಿ ಮಂಗಳೂರಿನಲ್ಲಿ. ಕೇಂದ್ರಾಡಳಿತ ಬಂದ ಮೇಲೂ ಆಡಳಿತ ದ್ವೀಪಕ್ಕೆ ಇಳಿಯದೆ ದಡದ ಕೋಝಿಕ್ಕೋಡಿನಲ್ಲೇ ಕೂತಿತು. 1964ರಲ್ಲಿ ಕವರತ್ತಿಗೆ ದಾಟಿತು. ಅಲ್ಲಿಂದೀಚೆಗೆ ಕವರತ್ತಿ ಕದಲಿಲ್ಲ, ಹೆಸರೂ ಬದಲಿಸಲಿಲ್ಲ. ಇಷ್ಟು ನೆಚ್ಚಿಗೆಯ ಉತ್ತರವನ್ನು ಪ್ರಶ್ನೆಪತ್ರಿಕೆಯವರು ಕೇಳುವುದು ಬಹಳ ಅಪರೂಪ.