ಮೊದಲು ಸ್ನಾನ, ಆಮೇಲೆ ಸ್ಮಶಾನ

ಕಾಂಚನಬುರಿ ಥಾಯ್ಲೆಂಡಿನ ಪಶ್ಚಿಮಕ್ಕಿರುವ ಒಂದು ಪ್ರಾಂತ್ಯ. ಅದೇ ಹೆಸರಿನ ಊರು ಬ್ಯಾಂಕಾಕಿನಿಂದ ಸುಮಾರು 130 ಕಿಲೋಮೀಟರ್. ಕನ್ನಡದವರಿಗೆ ಹೆಸರನ್ನು ಬಿಡಿಸಿ ಹೇಳಬೇಕಾದ್ದಿಲ್ಲ, ಕಾಂಚನಪುರಿಯೇ. ನೋಡಲು ಅಲ್ಲಿ ಎರಡಿವೆ. ಒಂದು, ಎರಡನೆಯ ಮಹಾಯುದ್ಧದಲ್ಲಿ ಜಪಾನೀ ಸೈನ್ಯ ಯುದ್ಧಕೈದಿಗಳಿಂದಲೂ ಕೂಲಿಗಳಿಂದಲೂ ಹಾಕಿಸಿದ ರೈಲುದಾರಿ. ಇನ್ನೊಂದು ಜಲಪಾತ. ಇವೆರಡಕ್ಕೂ ಏನು ಸಂಬಂಧ ಎಂದು ಕೇಳುವವರಿಗೆ ಪ್ರವಾಸದ ಕಂಪನಿಗಳ ಹತ್ತಿರ ಉತ್ತರವಿದೆ: ಎರಡೂ ಒಂದೇ ವ್ಯಾನಿನ ದಾರಿಯಲ್ಲಿವೆ. ಬೆಳಗ್ಗೆ ಆರಕ್ಕೆ ಹೋಟೆಲಿನ ಬಾಗಿಲಲ್ಲಿ ಹತ್ತಿಸಿಕೊಂಡು, ಗೈಡು ಮತ್ತು ಊಟ ಸಮೇತ ಎಲ್ಲ ತೋರಿಸಿ, ರಾತ್ರಿ ಎಂಟಕ್ಕೆ ಅದೇ ಬಾಗಿಲಲ್ಲಿ ಇಳಿಸುವ ಒಂದು ದಿನದ ಪ್ರವಾಸ ಹುಟ್ಟಿದ್ದು ಹೀಗೆ.

ಇದರ ಗುಣದೋಷ ವಿವರಿಸಲು ಒಬ್ಬ ಪ್ರವಾಸಿ ಬೇಕು. ಬೆಂಗಳೂರಿನವನೂ ಐವತ್ತು ದಾಟಿದವನೂ ಎಲ್ಲವನ್ನೂ ಓದಿಕೊಂಡು ಬಂದಿದ್ದೇನೆಂಬ ಜಂಬದವನೂ ಆದ ಒಬ್ಬನನ್ನು ಇಲ್ಲಿ ಉದಾಹರಣೆಗೆ ತೆಗೆದುಕೊಂಡಿದೆ. ಹೆಸರು ಬೇಡ. ಅವನ ಹಿಮ್ಮಡಿಯ ಸ್ಥಿತಿಗತಿ ಈ ಲೇಖಕನಿಗೆ ಬಹಳ ಚೆನ್ನಾಗಿ ಗೊತ್ತು ಎಂದಷ್ಟು ಹೇಳಿದರೆ ಸಾಕು.

ಪ್ರವಾಸಿಯ ಸಿದ್ಧತೆ ಮೂರು ಬಗೆಯದಾಗಿತ್ತು. ಯುದ್ಧದ ಬಗ್ಗೆ ದಪ್ಪ ಪುಸ್ತಕವೊಂದನ್ನು ಚೀಲಕ್ಕೆ ಹಾಕಿಕೊಂಡಿದ್ದ. ಆ ರೈಲುದಾರಿಯ ಹೆಸರಾಂತ ಸೇತುವೆಯ ಮೇಲೆ ಊದಲೆಂದು ಒಂದು ಸಿಳ್ಳೆ ಕಲಿತಿದ್ದ. ಸಾವಿರಾರು ಯೋಧರು ಮಲಗಿರುವ ಜಾಗಕ್ಕೆ ಹೋಗುವುದೆಂದು ಗೌರವಕ್ಕೆ ಬಿಳಿಯ ಹತ್ತಿ ಪ್ಯಾಂಟು ಇಸ್ತ್ರಿ ಮಾಡಿಸಿ ತೊಟ್ಟಿದ್ದ. ಈಜುಡುಗೆ ತನ್ನಿ ಎಂದು ಕಂಪನಿಯವರು ಬರೆದಿದ್ದರು. ಇತಿಹಾಸ ನೋಡಲು ಹೊರಟವನಿಗೆ ಚಡ್ಡಿ ಯಾಕೆ ಎಂದುಕೊಂಡು ಅದನ್ನು ಬಿಟ್ಟುಬಂದಿದ್ದ. ಜಾಹೀರಾತಿನಲ್ಲಿ ಯುದ್ಧ ಮೊದಲು, ಜಲಪಾತ ಆಮೇಲೆ ಎಂದಿತ್ತು. ವ್ಯಾನು ಹೊರಟ ಮೇಲೆ ಗೈಡಮ್ಮ ಕ್ರಮ ತಿರುಗಿಸಿದರು: ಮಧ್ಯಾಹ್ನವಾದರೆ ಜಲಪಾತದಲ್ಲಿ ಕಾಲಿಡಲು ಜಾಗವಿರುವುದಿಲ್ಲ, ಸತ್ತವರು ಕಾಯುತ್ತಾರೆ.

ಸ್ಮಶಾನಕ್ಕೆ ಹೋಗಿಬಂದು ಸ್ನಾನ ಮಾಡುವುದು ನಮ್ಮ ಕಡೆಯ ಕ್ರಮ. ಇಲ್ಲಿ ಅದು ಉಲ್ಟಾ ಆಯಿತು.

ಜಲಪಾತದ ಹೆಸರು ಎರಾವಾನ್. ಅಂದರೆ ಐರಾವತ. ಇಂದ್ರನ ಆನೆಗೆ ಥಾಯ್ ಶಿಲ್ಪಿಗಳು ಮೂರು ತಲೆ ಮಾಡುತ್ತಾರೆ. ಜಲಪಾತದ ಏಳನೆಯ ಹಂತದ ಬಂಡೆಗಳಲ್ಲಿ ಆ ಆಕಾರ ಕಾಣುತ್ತದೆಂದು ಈ ಹೆಸರು ಬಂದಿದೆ. ಬೆಂಗಳೂರಿನವನಿಗೆ ಐರಾವತ ಎಂದರೆ ಕೆಎಸ್‌ಆರ್‌ಟಿಸಿಯ ವೋಲ್ವೊ ಬಸ್ಸೇ ಮೊದಲು ನೆನಪಾಗುವುದು. ಅದನ್ನು ಅವನು ವ್ಯಾನಿನಲ್ಲಿ ಎಲ್ಲರಿಗೂ ವಿವರಿಸಿದ, ಯಾರೂ ನಗಲಿಲ್ಲ. ಜೋಗ ನೋಡಿದವರು ಇಲ್ಲಿ ಎತ್ತರವನ್ನು ಹುಡುಕಬಾರದು. ಕಾಡಿನ ನಡುವೆ ಏಳು ಹಂತಗಳಲ್ಲಿ ಇಳಿದುಬರುವ ನೀರು ಇದು. ಸುಣ್ಣಕಲ್ಲಿನ ಬೆಟ್ಟವಾದ್ದರಿಂದ ನೀರಿನಲ್ಲಿ ಕರಗಿದ ಸುಣ್ಣ ದಾರಿಯುದ್ದಕ್ಕೂ ಪದರಪದರವಾಗಿ ಕಟ್ಟಿಕೊಂಡು, ಬಂಡೆಗಳ ಅಂಚೆಲ್ಲ ಉಂಡೆಯಾಗಿ, ಕೊಳಗಳು ಹಸಿರು ನೀಲಿ ಬೆರೆತ ಬಣ್ಣಕ್ಕೆ ತಿರುಗಿವೆ. 1975ರಿಂದ ಇದು ರಾಷ್ಟ್ರೀಯ ಉದ್ಯಾನ.

ಎರಡನೆಯ ಹಂತದ ಕೊಳದಲ್ಲಿ ಮೀನುಗಳಿವೆ. ಕಾರ್ಪ್ ಜಾತಿಯವು, ಕೆಲವು ಗೇಣುದ್ದ, ಕೆಲವು ಇನ್ನೂ ದೊಡ್ಡವು. ಮನುಷ್ಯರ ಕಾಲಿನ ಸತ್ತ ಚರ್ಮ ಇವಕ್ಕೆ ತಿಂಡಿ. ಕೆಲವು ವರ್ಷಗಳ ಹಿಂದೆ ಬೆಂಗಳೂರಿನ ಮಾಲುಗಳಲ್ಲಿ ಜನ ದುಡ್ಡು ಕೊಟ್ಟು ಗಾಜಿನ ತೊಟ್ಟಿಗೆ ಕಾಲು ಇಳಿಬಿಟ್ಟು ಕೂರುತ್ತಿದ್ದದ್ದು ಇದೇ ಸೇವೆಗೆ. ಆದರೆ ಅಲ್ಲಿದ್ದವು ಕಡ್ಡಿಯಂಥ ಮರಿಗಳು. ಇಲ್ಲಿಯವು ಸಂಸಾರಸ್ಥ ಮೀನುಗಳು. ನಿಯಮ ಒಂದೇ: ಕಾಲು ಆಡಿಸುತ್ತಿದ್ದರೆ ಹತ್ತಿರ ಬರುವುದಿಲ್ಲ, ನಿಂತರೆ ಬಿಡುವುದಿಲ್ಲ. ಗೈಡಮ್ಮ ಇದನ್ನು ವ್ಯಾನಿನಲ್ಲೇ ಹೇಳಿದ್ದರು. ಆಗ ಪ್ರವಾಸಿ ದಪ್ಪ ಪುಸ್ತಕದಲ್ಲಿ ಮುಳುಗಿದ್ದ.

ನೀರಿಗಿಳಿಯುವ ಉದ್ದೇಶ ಅವನಿಗಿರಲಿಲ್ಲ. ಇಷ್ಟು ದೂರ ಬಂದು ಪಾದವನ್ನಾದರೂ ತೋಯಿಸದಿದ್ದರೆ ಹೇಗೆ ಎಂದು ಪ್ಯಾಂಟನ್ನು ಮೊಣಕಾಲಿನವರೆಗೆ ಮಡಚಿ, ನೀರೊಳಗಿನ ಒಂದು ಚಪ್ಪಟೆ ಬಂಡೆಯ ಮೇಲೆ ನಿಂತ. ಬಂಡೆ ಜಾರುತ್ತಿತ್ತು. ಜಾರುವ ಬಂಡೆಯ ಮೇಲೆ ಬುದ್ಧಿವಂತರು ಅಲುಗಾಡುವುದಿಲ್ಲ. ಅವನೂ ಅಲುಗಾಡಲಿಲ್ಲ.

ಮೊದಲ ಮೀನು ಬಲಗಾಲಿನ ಕಿರುಬೆರಳನ್ನು ಮುಟ್ಟಿ ನೋಡಿ ಹೋಯಿತು. ಹೋಗಿ ಏನು ಹೇಳಿತೋ, ಅರ್ಧ ನಿಮಿಷದಲ್ಲಿ ಊರಿಗೆ ಊರೇ ಬಂತು. ಬೆಂಗಳೂರಿನ ಚಳಿಗಾಲಕ್ಕೆ ಒಡೆದ ಹಿಮ್ಮಡಿ, ಮೂರು ವರ್ಷದಿಂದ ಯಾವ ಮುಲಾಮಿಗೂ ಬಗ್ಗದ್ದು, ಆ ಕೊಳದ ಇತಿಹಾಸದಲ್ಲೇ ಕಂಡರಿಯದ ಔತಣವಾಗಿರಬೇಕು. ಪಕ್ಕದಲ್ಲಿ ಯುರೋಪಿನ ದಂಪತಿಗಳು ನಾಲ್ಕು ನುಣುಪಾದ ಪಾದಗಳನ್ನು ಇಳಿಬಿಟ್ಟು ಕಾಯುತ್ತಿದ್ದರು. ಅತ್ತ ಒಂದು ಮೀನೂ ತಿರುಗಿ ನೋಡಲಿಲ್ಲ. ಮದುವೆ ಮನೆಯಲ್ಲಿ ಮೊದಲ ಪಂಕ್ತಿ ಎದ್ದ ಮೇಲೆ ಎರಡನೆಯ ಪಂಕ್ತಿ ಎಂಬ ಶಿಸ್ತಿರುತ್ತದೆ. ಇಲ್ಲಿ ಉಣ್ಣುವವರ ಬೆನ್ನ ಮೇಲೆಯೇ ಕಾಯುವವರು ಹತ್ತಿದ್ದರು. ಮೀನಿಗೆ ಹೇಳಿಕೊಳ್ಳುವಂಥ ಹಲ್ಲಿಲ್ಲ, ನೋವೇನೂ ಆಗುವುದಿಲ್ಲ. ಆಗುವುದು ಕಚಗುಳಿ, ನೋವನ್ನಾದರೆ ಗಂಡಸು ಹಲ್ಲು ಕಚ್ಚಿ ಸಹಿಸಬಹುದು.

ಬಲಗಾಲನ್ನು ಎತ್ತಿದ. ಅಷ್ಟೂ ಮೀನು ಎಡಗಾಲಿಗೆ ವರ್ಗವಾದವು. ಎಡಗಾಲನ್ನು ಎತ್ತುವ ಮುನ್ನ ಬಲಗಾಲನ್ನು ಇಳಿಸಬೇಕು, ಇಳಿಸುವ ಜಾಗದಲ್ಲಿ ಆಗಲೇ ಒಂದು ದೊಡ್ಡ ಮೀನು ಬಾಯಿ ತೆರೆದು ನಿಂತಿತ್ತು. ಹಾಗಾಗಿ ಒಂಟಿಕಾಲಲ್ಲಿ, ಎರಡೂ ಕೈ ಮೇಲೆತ್ತಿ, ಕಣ್ಣು ಮುಚ್ಚಿ ನಿಂತ. ಹೀಗೆ ನಿಂತವರ ತಪಸ್ಸು ಕೆಡಿಸಲು ಇಂದ್ರ ಹಿಂದೆ ಅಪ್ಸರೆಯರನ್ನು ಕಳಿಸುತ್ತಿದ್ದ. ತನ್ನ ಆನೆಯ ಹೆಸರಿನ ಕೊಳದಲ್ಲಿ ಆ ಕೆಲಸವನ್ನು ಮೀನಿಗೆ ಒಪ್ಪಿಸಿದ್ದಾನೆ. ನಗು ಹೊಟ್ಟೆಯಿಂದ ಎದ್ದು ಗಂಟಲಿಗೆ ಬಂದು ಅಲ್ಲಿಂದ "ಅಯ್ಯಯ್ಯಯ್ಯಪ್ಪಾ!" ಎಂದು ಹೊರಬಿತ್ತು.

"ತಮ್ಮಾ, ಕಾಲು ಆಡಸಪಾ! ಸುಮ್ಮ ನಿಂತ್ರ ಬಿಡಂಗಿಲ್ಲ ಅವು!"

ಕನ್ನಡ! ಯಾರೆಂದು ನೋಡಲು ಪ್ರವಾಸಿ ಥಟ್ಟನೆ ತಿರುಗಿದ. ಆದ್ದರಿಂದ ಅವನು ಮೀನಿನಿಂದ ಬಿದ್ದ ಎನ್ನುವುದು ತಪ್ಪು. ಅವನು ಬಿದ್ದದ್ದು ಕನ್ನಡದಿಂದ. ಸೊಂಟದವರೆಗೆ ನೀರಲ್ಲಿ ಕೂತು ನೋಡಿದರೆ ಆಚೆ ಬಂಡೆಯ ಮೇಲೆ ಇಳಕಲ್ ಸೀರೆಯನ್ನು ಮೊಣಕಾಲಿಗೆತ್ತಿ ಕಟ್ಟಿದ ಅಜ್ಜಿಯೊಬ್ಬರು, ಎರಡೂ ಕಾಲನ್ನು ಹೊಲಿಗೆಮಿಷನ್ ತುಳಿದಂತೆ ಆಡಿಸುತ್ತ, ಮೊಮ್ಮಗನನ್ನು ಹಿಡಿದುಕೊಂಡು ಕೂತಿದ್ದರು.

"ಯಾವೂರಪಾ?"

"ಬೆಂಗಳೂರು, ಅಮ್ಮಾ."

"ಅದಕ್ಕ ಮತ್ತ. ಹೊಳಿ ಕಂಡಿಲ್ಲ ನೀ."

ಎರಡನೆಯ ಹಂತ ದಾಟಿದರೆ ತಿಂಡಿ ಒಯ್ಯುವಂತಿಲ್ಲ. ನೀರಿನ ಬಾಟಲಿಗೂ ಲೆಕ್ಕ ಬರೆಸಿ 20 ಬಾತ್ ಠೇವಣಿ ಇಡಬೇಕು, ಖಾಲಿ ಬಾಟಲಿ ತಂದು ತೋರಿಸಿದರೆ ವಾಪಸು. ಒಳ್ಳೆಯ ಏರ್ಪಾಡು. ಮೂರರಿಂದ ಏಳರವರೆಗಿನ ಹಂತಗಳು ಬಹಳ ಚೆನ್ನಾಗಿವೆಯಂತೆ. ಊಟಕ್ಕೆ, ಸಸ್ಯಾಹಾರಿ ಎಂದು ಮೂರು ಸಲ ಹೇಳಿದ್ದರ ಫಲವಾಗಿ, ಮೀನಿನ ಸಾಸು ಹಾಕಿದ ಎಲೆಕೋಸು ಬಂತು.

ಮಧ್ಯಾಹ್ನದಿಂದ ಇತಿಹಾಸ. 1942ರ ಹೊತ್ತಿಗೆ ಬರ್ಮಾ ಜಪಾನಿನ ಕೈಯಲ್ಲಿತ್ತು. ಅಲ್ಲಿಯ ಸೈನ್ಯಕ್ಕೆ ಸಾಮಾನು ಮುಟ್ಟಿಸುವ ಸಮುದ್ರದ ದಾರಿ ಮಿತ್ರಪಕ್ಷದ ಜಲಾಂತರ್ಗಾಮಿಗಳಿಂದ ಅಪಾಯದ್ದಾಗಿತ್ತು. ಹಾಗಾಗಿ ಜಪಾನೀಯರು ಥಾಯ್ಲೆಂಡಿನ ಬಾನ್ ಪೋಂಗ್ ಹತ್ತಿರದಿಂದ ಬರ್ಮಾದ ಥಾನ್‌ಬ್ಯುಜಯಾತ್‌ವರೆಗೆ ಬೆಟ್ಟ ಕಡಿದು 415 ಕಿಲೋಮೀಟರ್ ಮೀಟರ್‌ಗೇಜ್ ಹಳಿ ಹಾಕಲು ಹೊರಟರು. ಎರಡು ಕಡೆಯಿಂದಲೂ ಬಂದ ಹಳಿಗಳು 1943ರ ಅಕ್ಟೋಬರಿನಲ್ಲಿ ಕೂಡಿದವು. ಸುತ್ತಿಗೆ ಉಳಿಗಳಿಂದ ಬಂಡೆಗೆ ತೂತು ಕೊರೆದು ಸಿಡಿಮದ್ದು ತುಂಬಿದವರು ಬ್ರಿಟಿಷ್, ಡಚ್, ಆಸ್ಟ್ರೇಲಿಯನ್, ಅಮೆರಿಕನ್ ಕೈದಿಗಳು, 60,000ಕ್ಕೂ ಹೆಚ್ಚು. ಅವರಲ್ಲಿ 12,000ಕ್ಕೂ ಹೆಚ್ಚು ಮಂದಿ ಹಸಿವು, ಹೊಡೆತ, ಬೇನೆಗಳಿಂದ ಸತ್ತರು. ಅವರ ಜೊತೆಗೆ ಬರ್ಮಾ, ಮಲಯ, ಜಾವಾಗಳಿಂದ ತಂದ ಕೂಲಿಗಳು ಸುಮಾರು ಎರಡು ಲಕ್ಷ. ಮಲಯದ ರಬ್ಬರ್ ತೋಟಗಳ ತಮಿಳರು ಅವರಲ್ಲಿ ಬಹಳ. ಕೂಲಿಗಳಲ್ಲಿ ಸತ್ತವರು ಅಂದಾಜು 90,000. ಕೈದಿಗಳ ಸಾವನ್ನು ಅವರ ಅಧಿಕಾರಿಗಳು ಬರೆದಿಟ್ಟರು. ಕೂಲಿಗಳದನ್ನು ಬರೆದಿಡುವವರಿರಲಿಲ್ಲ, ಆದ್ದರಿಂದ ಅಂದಾಜು. 1943ರ ಮಳೆಗಾಲದಲ್ಲಿ ಕಾಲರಾ ಬಂದಾಗ ಅವರ ಬಹುಪಾಲು ಶಿಬಿರಗಳಲ್ಲಿ ವೈದ್ಯರೂ ಇರಲಿಲ್ಲ.

ಯುದ್ಧ ಮುಗಿದ ಮೇಲೆ ಬಹುಪಾಲು ಹಳಿಯನ್ನು ಕಿತ್ತರು. ಉಳಿದ ತುಂಡು 1958ರಿಂದ ನಾಮ್ ಟೋಕ್ ಸ್ಟೇಷನ್ನಿನವರೆಗೆ ಓಡುತ್ತಿದೆ. ಥಾಯ್ ಭಾಷೆಯಲ್ಲಿ ನಾಮ್ ಟೋಕ್ ಎಂದರೆ ಜಲಪಾತ. ಸಾಯ್ ಯೋಕ್ ನೋಯ್ ಜಲಪಾತ ಸ್ಟೇಷನ್ನಿನ ಆಚೆಗೇ ಇದೆ. ಅಂದರೆ ಪ್ರವಾಸದ ಕಂಪನಿಗಳಿಗಿಂತ ಮೊದಲೇ ರೈಲ್ವೆಯವರು ಯುದ್ಧವನ್ನು ಜಲಪಾತಕ್ಕೆ ಕೂಡಿಸಿದ್ದಾರೆ.

ಥಾಮ್ ಕ್ರಾಸೇ ಎಂಬಲ್ಲಿ ರೈಲು ಹತ್ತಬೇಕು. ಒಂದು ಕಡೆ ಕಡಿದ ಬಂಡೆ, ಇನ್ನೊಂದು ಕಡೆ ಕೆಳಗೆ ನದಿ, ನಡುವೆ ಮರದ ಕಂಬಗಳ ಮೇಲೆ ಹಳಿ. ರೈಲು ನಡಿಗೆಯ ವೇಗಕ್ಕಿಳಿಯುತ್ತದೆ. ಡಬ್ಬಿಯಲ್ಲಿದ್ದವರೆಲ್ಲ ಫೋನು ಹಿಡಿದು ನದಿಯ ಕಡೆಗೆ ನುಗ್ಗಿದರು. ಪ್ರವಾಸಿ ಏಳಲಿಲ್ಲ. ಪ್ಯಾಂಟು ಅರ್ಧ ಒಣಗಿತ್ತು, ಕೂತ ಜಾಗದ ಹಸಿರು ಪಾಚಿಯ ಗುರುತು ಮಾತ್ರ ಹಾಗೇ ಇತ್ತು. ಹೀಗೆ ಬಂಡೆಯ ಕಡೆಯ ಕಿಟಕಿ ಪೂರ್ತಿ ಅವನೊಬ್ಬನದಾಯಿತು. ಬಂಡೆ ಕೈಗೆಟಕುವಷ್ಟು ಹತ್ತಿರ, ನಿಧಾನವಾಗಿ, ಬಹಳ ಹೊತ್ತು ಹಿಂದಕ್ಕೆ ಸರಿಯಿತು. ದಪ್ಪ ಪುಸ್ತಕ ಚೀಲದಲ್ಲೇ ಇತ್ತು.

ಸೇತುವೆಯ ವಿಷಯ ಎಲ್ಲರಿಗೂ ಗೊತ್ತಿರುವುದು ಸಿನಿಮಾದಿಂದ. ಪಿಯರ್ ಬೂಲ್ ಕಾದಂಬರಿ ಬರೆದದ್ದು 1952ರಲ್ಲಿ, ಡೇವಿಡ್ ಲೀನ್ ಸಿನಿಮಾ ಮಾಡಿದ್ದು 1957ರಲ್ಲಿ, ಸಿಂಹಳದಲ್ಲಿ. ಏಳು ಆಸ್ಕರ್ ಬಂದವು, ಹಿಂದೆಯೇ ಪ್ರವಾಸಿಗರೂ ಬಂದರು, ಕ್ವೈ ನದಿಯ ಸೇತುವೆ ಎಲ್ಲಿ ಎಂದು ಕೇಳಿದರು. ಸೇತುವೆ ಇತ್ತು, ಅದರ ಕೆಳಗಿನ ನದಿಯ ಹೆಸರು ಮಾತ್ರ ಮೇ ಕ್ಲೋಂಗ್. ಥಾಯ್ ಜನ ವಾದ ಮಾಡಲಿಲ್ಲ. 1960ರ ಸುಮಾರಿಗೆ ನದಿಯ ಆ ಭಾಗಕ್ಕೆ ಖ್ವೇ ಯಾಯ್ ಎಂದು ಹೆಸರು ಬದಲಿಸಿಬಿಟ್ಟರು. ಖ್ವೇ ಎಂದರೆ ಉಪನದಿ. ಪರದೇಶದವರು ಎಳೆದು ಹೇಳುವ ಕ್ವೈ ಎಂದರೆ ಥಾಯ್ ಕಿವಿಗೆ ಎಮ್ಮೆ. ಸೇತುವೆಯ ಬಾಗಿದ ಕಮಾನುಗಳು ಜಪಾನೀಯರು ಜಾವಾದಿಂದ ಕಿತ್ತು ತಂದವು. ನಡುವಿನ ಎರಡು ನೇರ ಅಂಚಿನವು ಬಾಂಬಿಗೆ ಬಿದ್ದವುಗಳ ಬದಲಿಗೆ ಯುದ್ಧದ ನಂತರ ಹಾಕಿದವು. ಅಲ್ಲಿ ಒಬ್ಬ ಯುವಕ ಹಳಿಯ ಮೇಲೆ ಹಾರಿ ಹಾರಿ ರೀಲ್ಸ್ ಮಾಡಿಸಿಕೊಳ್ಳುತ್ತಿದ್ದ, ಹದಿನೈದು ಸಲ. ಪ್ರವಾಸಿಗೆ ಬಹಳ ಸಿಟ್ಟು ಬಂತು. ಆಮೇಲೆ ತಾನು ಕಲಿತುಬಂದಿದ್ದ ಸಿನಿಮಾದ ಸಿಳ್ಳೆಯನ್ನು ಊದಿದ. ಗಾಳಿ ಬಂತು, ಸ್ವರ ಬರಲಿಲ್ಲ.

ಊರಿನ ಬೌದ್ಧ ದೇವಾಲಯವೊಂದರ ಆವರಣದಲ್ಲಿ 1977ರಲ್ಲಿ ತೆರೆದ ಸಣ್ಣ ವಸ್ತುಸಂಗ್ರಹಾಲಯವಿದೆ, ಕೈದಿಗಳ ಬಿದಿರಿನ ಗುಡಿಸಲಿನಂತೆ ಕಟ್ಟಿದ್ದು. ಜಪಾನ್, ಇಂಗ್ಲೆಂಡ್, ಅಮೆರಿಕ ಮತ್ತು ಆಸ್ಟ್ರೇಲಿಯ, ಥಾಯ್ಲೆಂಡ್, ಹಾಲೆಂಡ್ ಇವುಗಳ ಇಂಗ್ಲಿಷ್ ಮೊದಲಕ್ಷರ ಕೂಡಿಸಿ ಅದಕ್ಕೆ ಜೀತ್ ಎಂದು ಹೆಸರಿಟ್ಟಿದ್ದಾರೆ. ಕನ್ನಡದವರ ಕಿವಿಗೆ ಅದು ಜೀತ ಎಂದೇ ಕೇಳುತ್ತದೆ. ಜೀತ ಮಾಡಿ ಸತ್ತ ಬಹುಪಾಲು ಜನರ, ಬರ್ಮಾದ, ಜಾವಾದ, ಮಲಯದ ತಮಿಳರ ಅಕ್ಷರ ಅದರಲ್ಲಿಲ್ಲ.

ಕೊನೆಯದು ಯುದ್ಧ ಸ್ಮಶಾನ. ಜಲಪಾತಕ್ಕೆ ಮೂರು ಗಂಟೆ ಕೊಟ್ಟ ಕಂಪನಿ ಇದಕ್ಕೆ ಇಪ್ಪತ್ತು ನಿಮಿಷ ಕೊಟ್ಟಿತ್ತು. ಕತ್ತರಿಸಿದ ಹುಲ್ಲು, ಸಾಲುಸಾಲಾಗಿ 6,982 ಸಮಾಧಿ, ಒಂದೊಂದರ ಬುಡದಲ್ಲಿ ಹೂಗಿಡ, ಮೇಲೆ ಹೆಸರು, ದಳ, ವಯಸ್ಸು. ಇಪ್ಪತ್ತೆರಡು, ಇಪ್ಪತ್ತನಾಲ್ಕು, ಮತ್ತೆ ಇಪ್ಪತ್ತೆರಡು. ಪ್ರವಾಸಿ ದಪ್ಪ ಪುಸ್ತಕವನ್ನು ಎರಡೂ ಕೈಯಲ್ಲಿ ಬೆನ್ನ ಹಿಂದೆ, ಪಾಚಿಯ ಗುರುತಿಗೆ ಅಡ್ಡವಾಗಿ ಹಿಡಿದುಕೊಂಡು ಒಂದು ಸಾಲು ಪೂರ್ತಿ ಓದಿದ. ದಿನವಿಡೀ ಹೊತ್ತ ಪುಸ್ತಕ ಉಪಯೋಗಕ್ಕೆ ಬಂದದ್ದು ಅಷ್ಟೇ. ಎರಡನೆಯ ಸಾಲಿನ ಅರ್ಧಕ್ಕೆ ವ್ಯಾನಿನ ಹಾರನ್ನು ಕೇಳಿಸಿತು.

ಈ ಪ್ರವಾಸಕ್ಕೆ ಹೋಗುವವರು ಇನ್ನೊಂದು ಪ್ಯಾಂಟು ಒಯ್ಯಬೇಕು. ಬಿಳಿಯದು ಬೇಡ.