0.53 ಪೈಲ್ವಾನನ ಎಂಟ್ರಿ ಹಾಡು

ರಾಯಚೂರು ಸೀಮೆಯಲ್ಲಿ ಯಾರೂ ಸುಮ್ಮನೆ ಬರುವುದಿಲ್ಲ. ಮದುಮಗ ಬಂದರೆ ಡಿಜೆ. ಗಣಪ್ಪ ಬಂದರೆ ಡಿಜೆ, ಗಣಪ್ಪ ಹೋಗುವಾಗ ಅದಕ್ಕಿಂತ ದೊಡ್ಡ ಡಿಜೆ. ಹತ್ತಿ ಹೇರಿಕೊಂಡ ಟ್ರ್ಯಾಕ್ಟರ್ ದೇವದುರ್ಗ ಬಿಟ್ಟಿತೆಂದರೆ ಮೊದಲು ಅದರ ಹಾಡು ಗಬ್ಬೂರು ಮುಟ್ಟುತ್ತದೆ, ಆಮೇಲೆ ಹೊಗೆ, ಕೊನೆಗೆ ಹತ್ತಿ. ಸಾಹೇಬರು ಬರುವುದಿದ್ದರೆ ಹಿಂದಿನ ದಿನವೇ ಆಟೋದ ಮೇಲಿನ ಮೈಕು ಅವರ ಹೆಸರು ಪೋಣಿಸಿದ ಹಾಡು ಹಾಕಿಕೊಂಡು ಓಣಿ ಓಣಿ ತಿರುಗುತ್ತದೆ. ಧಾಟಿ ಸಿನಿಮಾದ್ದು, ಸಾಹಿತ್ಯ ಸಾಹೇಬರದ್ದು. ಇಷ್ಟು ಜನರ ಪೈಕಿ ಹಾಡು ಮುಗಿಯುವುದರೊಳಗೆ ಕೆಲಸ ಮುಗಿಸಿ ಹೋಗುವುದು ಬೆಳಗಿನ ಕಸದ ಗಾಡಿ ಒಂದೇ. ಅದರ ಹಾಡು ಕೇಳಿದರೆ ಜನ ಯಾರೂ ಕರೆಯದೆ, ಯಾರೂ ರೊಕ್ಕ ಕೊಡದೆ, ಮನೆಯಿಂದ ಹೊರಗೆ ಓಡಿ ಬರುತ್ತಾರೆ. ಈ ಭಾಗ್ಯ ಯಾವ ನಾಯಕನಿಗೂ ಇಲ್ಲ.

ಇಂಥ ಸೀಮೆಯಲ್ಲಿ ಹುಟ್ಟಿದ ನಮ್ಮ ಅಕ್ಕನ ಮಗ, ತನ್ನ ಪೈಲ್ವಾನನಿಗೆ ಹಾಡು ಹಚ್ಚುವ ಹಕ್ಕನ್ನು ಅಮೆರಿಕದ ಕಂಪನಿ ಕಸಿದುಕೊಂಡಿದೆ ಎಂದು ಮುಖ ಊದಿಸಿಕೊಂಡು ಕೂತರೆ ಅದನ್ನು ಸಣ್ಣ ಸಂಗತಿ ಎನ್ನಲಾಗದು. ಟಿವಿಗೆ ಡಬ್ಬಿ ಜೋಡಿಸಿ ಆಡುವ ಡಬ್ಲ್ಯೂಡಬ್ಲ್ಯೂಇ ಕುಸ್ತಿಯ ವಿಷಯ. ಅದರಲ್ಲಿ ಜಾನ್ ಸೀನಾ, ಅಂಡರ್‌ಟೇಕರ್ ಮೊದಲಾದ ಸಿದ್ಧ ಪೈಲ್ವಾನರ ಜೊತೆಗೆ ನಮ್ಮದೇ ಒಬ್ಬನನ್ನು ಮಾಡಿಕೊಳ್ಳಬಹುದು. ಮೂಗು, ಮೀಸೆ, ತೋಳು, ಚಡ್ಡಿಯ ಬಣ್ಣ ಎಲ್ಲ ನಮ್ಮಿಷ್ಟ. ಅವನು ಅಖಾಡಕ್ಕೆ ನಡೆದು ಬರುವಾಗ ಕೇಳಬೇಕಾದ ಹಾಡೂ ಒಂದು ಕಾಲಕ್ಕೆ ನಮ್ಮಿಷ್ಟವೇ ಆಗಿತ್ತು.

“ಮಾಮ, ಹಳೇ ಡಬ್ಬಿಯೊಳಗ ನಮ್ಮ ಹಾಡ ಹಚ್ಚಾಕ ಬರ್ತಿತ್ತು. ಹೊಸಾದ್ರಾಗ ಬರವಲ್ದು.”

“ಹೊಸಾದು ಅಂದ್ರ ಎಲ್ಲಾ ಹೆಚ್ಚಿಗಿ ಇರಬೇಕಲ್ಲೋ?”

“ಎಲ್ಲಾ ಹೆಚ್ಚಿಗೀನ ಐತಿ ಮಾಮ. ಬೆವರು ಸುತ ಕಾಣ್ತೈತಿ. ಹಾಡೊಂದಿಲ್ಲ.”

ಹುಡುಗನ ದೂರಿಗೆ ದಾಖಲೆ ಉಂಟು. 2001ರಲ್ಲಿ ಬಂದ ಮೊದಲ ಎಕ್ಸ್‌ಬಾಕ್ಸ್‌ನ ಹೊಟ್ಟೆಯಲ್ಲಿ ಹಾರ್ಡ್ ಡಿಸ್ಕ್ ಇತ್ತು. ಹಾಡಿನ ಸಿಡಿ ಕೊಟ್ಟರೆ ನುಂಗಿ ಇಟ್ಟುಕೊಳ್ಳುತ್ತಿತ್ತು. 2003ರ ‘ರಾ 2’ ಆಟದಲ್ಲಿ ಆ ನುಂಗಿದ ಹಾಡನ್ನೇ ನಮ್ಮ ಪೈಲ್ವಾನನ ಎಂಟ್ರಿಗೆ ಹಚ್ಚಬಹುದಿತ್ತು. ಎಕ್ಸ್‌ಬಾಕ್ಸ್ 360, ಪ್ಲೇಸ್ಟೇಷನ್ 3ರ ಕಾಲಕ್ಕೂ ಸೌಕರ್ಯ ನಡೆದುಬಂತು. ಪ್ಲೇಸ್ಟೇಷನ್ 2 ಇದ್ದ ಬಡಪಾಯಿಗಳಿಗೆ ಅದಿರಲಿಲ್ಲ. ಟಿವಿಯ ದನಿ ಮುಚ್ಚಿ ಪಕ್ಕದಲ್ಲಿ ಮೊಬೈಲಿನ ಹಾಡು ಹಚ್ಚುವುದೇ ಅವರ ಕಸ್ಟಮ್ ಮ್ಯೂಸಿಕ್. ಆಟ ಹೊರತರುತ್ತಿದ್ದ ಟಿಎಚ್‌ಕ್ಯೂ ಕಂಪನಿ 2012ರ ಡಿಸೆಂಬರಿನಲ್ಲಿ ದಿವಾಳಿ ಎದ್ದು, ಕುಸ್ತಿ 2ಕೆ ಕಂಪನಿಯ ಪಾಲಾಯಿತು. 2013ರ ‘2ಕೆ14’ರವರೆಗೆ ಹಾಡು ಉಳಿಯಿತು. 2014ರಲ್ಲಿ ‘2ಕೆ15’ ಹೊಸ ಡಬ್ಬಿಗಳಿಗೆ ಬಂದಾಗ ಚರ್ಮದ ಹೊಳಪು ಬಂತು, ಹಾಡು ಹೋಯಿತು. ಕಂಪನಿ ಒಂದು ಪಟ್ಟಿ ಕೊಟ್ಟಿತು: ಇದರಲ್ಲಿ ಇರುವುದನ್ನು ಆರಿಸಿಕೋ.

ಕಾರಣ ಏನಿರಬಹುದೆಂದು ಊಹಿಸುವುದು ಕಷ್ಟವಲ್ಲ. ಪ್ಲೇಸ್ಟೇಷನ್ 4ರ ಕಂಟ್ರೋಲರಿನಲ್ಲಿಯೇ ಆಟವನ್ನು ಊರಿಗೆಲ್ಲ ತೋರಿಸುವ ಶೇರ್ ಗುಂಡಿ ಇತ್ತು. ಒಬ್ಬನ ಹಾಡು ಇನ್ನೊಬ್ಬನ ಆಟದಲ್ಲಿ ಹತ್ತು ಸಾವಿರ ಜನಕ್ಕೆ ಕೇಳಿಸಿದರೆ ಹಾಡಿನ ಒಡೆಯ ವಕೀಲನನ್ನು ಕಳಿಸುತ್ತಾನೆ. ಪಾಪ, ಆ ದೇಶದಲ್ಲಿ ಹಾಡಿಗೆ ಒಡೆಯ ಎಂಬುವನೊಬ್ಬ ಇರುತ್ತಾನೆ. ನಮ್ಮಲ್ಲಿ ಚುನಾವಣೆಯ ಆಟೋ ಹತ್ತಿದ ಮೇಲೆ ಯಾವ ಹಾಡಿಗೂ ಒಡೆಯನಿಲ್ಲ. ಒಂದೇ ಧಾಟಿಯನ್ನು ಮೂರು ಪಕ್ಷದವರು ಮೂರು ಹೆಸರು ಕೂಡಿಸಿ ಹಾಡಿಸುತ್ತಾರೆ, ಮತದಾರ ಹೆಸರು ಮರೆತು ಧಾಟಿಗೆ ವೋಟು ಹಾಕುತ್ತಾನೆ. ಶಬ್ದಮಾಲಿನ್ಯದ ನಿಯಮ 2000ದಲ್ಲೇ ಬಂದಿದೆ: ರಾತ್ರಿ ಹತ್ತರಿಂದ ಬೆಳಿಗ್ಗೆ ಆರರವರೆಗೆ ಮೈಕು ಬಂದ್, ವಸತಿ ಪ್ರದೇಶದಲ್ಲಿ ಹಗಲು 55 ಡೆಸಿಬೆಲ್. ಐವತ್ತೈದು ಡೆಸಿಬೆಲ್ ಅಂದರೆ ನಮ್ಮ ಕಡೆ ಇಬ್ಬರು ಹೆಂಗಸರು ಗುಟ್ಟು ಮಾತಾಡುವ ದನಿ.

ಅಕ್ಕನ ಮಗ ಹಳೇ ಡಬ್ಬಿಯಲ್ಲಿ ಮಾಡಿದ್ದ ಪೈಲ್ವಾನನ ಹೆಸರು ‘ದೇವದುರ್ಗ ಹುಲಿ’. ಎತ್ತರ ಏಳಡಿ, ಎದೆ ಗೋಡೆಯಷ್ಟು, ಹಲಗಿಯ ಸದ್ದು ಕೂಡಿಸಿದ ಜಾನಪದ ಡಿಜೆ ಹಾಡು. ಆದರೆ ಹೊಸದಾಗಿ ಮಾಡಿದ ಪೈಲ್ವಾನನಿಗೆ ಆಟ ಕೊಡುವ ಅಂಕ ಕಡಿಮೆ. ಗೆದ್ದು ಗೆದ್ದು ಏರಿಸಿಕೊಳ್ಳಬೇಕು. “ಐವತ್ಮೂರು ಕೊಟ್ಟಾನ ನೋಡು ಮಾಮ, ಮರ್ಯಾದಿ ಇಲ್ಲ ಅವಗ” ಎಂದು ಹುಡುಗ ಬೈದ.

ಕಂಪನಿಯನ್ನು ಬೈಯಬೇಡ ಎಂದೆ. ಆ ಅಂಕ ಅವರದ್ದಲ್ಲ, ನಮ್ಮ ಸರಕಾರದ್ದೇ. ಡಾ. ಡಿ.ಎಂ. ನಂಜುಂಡಪ್ಪ ಸಮಿತಿ 2002ರಲ್ಲಿ ರಾಜ್ಯದ ತಾಲೂಕುಗಳನ್ನೆಲ್ಲ ತೂಗಿ, ರಾಜ್ಯದ ಸರಾಸರಿ 1 ಎಂದಿಟ್ಟುಕೊಂಡು ಒಂದೊಂದಕ್ಕೂ ಅಂಕ ಹಾಕಿತು. ತಳದಲ್ಲಿ ನಿಂತದ್ದು ದೇವದುರ್ಗ: 0.53. ಬೆಂಗಳೂರು ದಕ್ಷಿಣಕ್ಕೆ 1.96. ಒಂದೇ ರಾಜ್ಯದ ಅಖಾಡದಲ್ಲಿ ಇವರಿಬ್ಬರಿಗೆ ಜೋಡಿ ಹಚ್ಚಿದವರು ಯಾರೋ! ಹಳ್ಳಿಯ ಕುಸ್ತಿ ಕಣದಲ್ಲಾದರೂ ಹೀಗೆ ಹಚ್ಚಿದರೆ ವಸ್ತಾದ ಎದ್ದು ಬಂದು ಪಂಚರ ರುಮಾಲು ಕೀಳುತ್ತಿದ್ದ.

ಆದರೂ ಹುಲಿಗೆ ಎಂಟ್ರಿ ಮಾತ್ರ ಭರ್ಜರಿ. ಈ ಆಟದ ಧರ್ಮವೇ ಅದು. ಹಾಡು ಹಾಕಿಕೊಂಡು ಬರುವ ಖಯಾಲಿಯನ್ನು ಊರಿಗೆ ಹಬ್ಬಿಸಿದವನು ಗಾರ್ಜಸ್ ಜಾರ್ಜ್ ಎಂಬ 1940ರ ದಶಕದ ಅಮೆರಿಕದ ಪೈಲ್ವಾನ. ಎಲ್ಗಾರ್ ಎಂಬ ಇಂಗ್ಲಿಷ್ ಸಂಗೀತಗಾರನ ರಾಜಗಾಂಭೀರ್ಯದ ಮೆರವಣಿಗೆಯ ವಾದ್ಯ ಹಚ್ಚಿಸಿ, ಸುಗಂಧ ಚಿಮುಕಿಸುತ್ತಾ ಬರುತ್ತಿದ್ದ. ಅಂಡರ್‌ಟೇಕರ್ ಗಂಟೆ ಬಾರಿಸಿಕೊಂಡು ಎಷ್ಟು ನಿಧಾನ ಬರುತ್ತಿದ್ದನೆಂದರೆ ಅಷ್ಟರಲ್ಲಿ ರಾಯಚೂರಿನ ಹುಡುಗರು ಊಟ ಮುಗಿಸಿ, ಅವನು ಏಳು ಸಲ ಸತ್ತು ಎದ್ದವನೆಂಬುದನ್ನು ಪಕ್ಕದವನಿಗೆ ಆಣೆ ಇಟ್ಟು ನಂಬಿಸಿರುತ್ತಿದ್ದರು. 2016ರ ಸರ್ವೈವರ್ ಸೀರೀಸ್‌ನಲ್ಲಿ ಗೋಲ್ಡ್‌ಬರ್ಗ್ ಬ್ರಾಕ್ ಲೆಸ್ನರನನ್ನು ಕೆಡವಿದ್ದು 86 ಸೆಕೆಂಡಿನಲ್ಲಿ. ಇಬ್ಬರೂ ನಡೆದು ಬಂದದ್ದಕ್ಕೆ ಅದಕ್ಕಿಂತ ಎಷ್ಟೋ ಹೆಚ್ಚು ಹೊತ್ತು ಹಿಡಿದಿತ್ತು.

ನಾವು ಆ ಅಮೆರಿಕದವರನ್ನೂ ಹಿಂದೆ ಹಾಕಿದ್ದೇವೆ. ಅವರು ಕುಸ್ತಿಯನ್ನು 86 ಸೆಕೆಂಡಿಗೆ ಇಳಿಸಿದರು. ನಾವು ಸೊನ್ನೆಗೆ ಇಳಿಸಿದೆವು. ಗುದ್ದಲಿ ಪೂಜೆ ಆಗುತ್ತದೆ, ಬ್ಯಾಂಡು ಆಗುತ್ತದೆ, ಜೆಸಿಬಿಯ ಬಕೆಟ್ಟಿನಿಂದ ಹೂವು ಸುರಿಯುತ್ತದೆ, ಕ್ರೇನಿನಲ್ಲಿ ಹಾರ ಇಳಿಯುತ್ತದೆ, ಶಾಲು ಸಾಲುಸಾಲಾಗಿ ಬೀಳುತ್ತವೆ. ಅಖಾಡದ ಗಂಟೆ ಮಾತ್ರ ಹೊಡೆಯುವುದಿಲ್ಲ. ತುಂಗಭದ್ರೆ ತುಂಬಿದರೆ ಬಾಗಿನ, ವಾದ್ಯ, ಭಾಷಣ. ನೀರು ಎಡದಂಡೆ ಕಾಲುವೆ ಹಿಡಿದು ಮಾನ್ವಿಯ ಕೊನೆಯ ಹೊಲಕ್ಕೆ ಬರುವಷ್ಟರಲ್ಲಿ ಹಾಡು ಮುಗಿದಿರುತ್ತದೆ, ನೀರೂ ಮುಗಿದಿರುತ್ತದೆ. 2024ರ ಆಗಸ್ಟ್ 10ರ ರಾತ್ರಿ 19ನೇ ಗೇಟು ಸರಪಳಿ ಹರಿದುಕೊಂಡು ಹೋದದ್ದೊಂದೇ ಇತ್ತೀಚೆಗೆ ಆ ಜಲಾಶಯದಲ್ಲಿ ವಾದ್ಯವಿಲ್ಲದೆ ನಡೆದ ಕಾರ್ಯಕ್ರಮ.

ಪಟ್ಟಿಯಲ್ಲಿ ಇರುವುದನ್ನು ಆರಿಸಿಕೋ ಎಂಬ 2ಕೆ ಕಂಪನಿಯ ಮಾತಿಗೆ ಅಕ್ಕನ ಮಗ ಸಿಟ್ಟಾದ, ನನಗೇನೂ ಹೊಸದೆನಿಸಲಿಲ್ಲ. ರಾಯಚೂರು ಐಐಟಿ ಕೇಳಿತ್ತು. ಅದು 2016ರಲ್ಲಿ ಧಾರವಾಡದಲ್ಲಿ ಶುರುವಾಯಿತು. ನಮಗೆ 2019ರಲ್ಲಿ ಐಐಐಟಿ ಕೊಟ್ಟರು. ಕೇಳಿದ್ದಕ್ಕಿಂತ ಒಂದು ‘ಐ’ ಹೆಚ್ಚಿಗೆಯೇ ಕೊಟ್ಟಿದ್ದೇವಲ್ಲ ಎಂದು ಸಮಾಧಾನವನ್ನೂ ಹೇಳಿದರು. ಏಮ್ಸ್ ಕೇಳಿ 2022ರ ಮೇ 13ರಂದು ಜನ ಧರಣಿಗೆ ಕೂತರು. ಆ ಧರಣಿ ಸಾವಿರ ದಿನ ದಾಟಿತು. ಬಂದು ಹೋದ ಒಬ್ಬೊಬ್ಬ ಮುಖಂಡನಿಗೂ ಒಂದೊಂದು ಎಂಟ್ರಿ ಆಯಿತು, ಏಮ್ಸ್ ಮಾತ್ರ ಇನ್ನೂ ಪರದೆಯ ಹಿಂದೆ ತಯಾರಾಗುತ್ತಿದೆಯಂತೆ. ಶಕ್ತಿನಗರದಲ್ಲಿ 1720 ಮೆಗಾವಾಟ್ ಕರೆಂಟು ಹುಟ್ಟಿಸುವ ಜಿಲ್ಲೆ ಇದು. ಆಟ ಸೇವ್ ಆಗುವ ಹೊತ್ತಿಗೆ ಸರಿಯಾಗಿ ಕರೆಂಟು ಹೋಗುವ ಜಿಲ್ಲೆಯೂ ಇದೇ. ಹುಲಿಯ ಅಂಕ ಏರದಿರಲು ಅದೂ ಒಂದು ಕಾರಣ.

ಗೆಲ್ಲದ ಪೈಲ್ವಾನನನ್ನು ಏನು ಮಾಡಬೇಕೆಂದು ಡಬ್ಲ್ಯೂಡಬ್ಲ್ಯೂಇಗೆ ಗೊತ್ತು: ಹೆಸರು ಬದಲಿಸು, ಹಾಡು ಬದಲಿಸು. ಗ್ಲೆನ್ ಜೇಕಬ್ಸ್ ಎಂಬ ಗಟ್ಟಿ ಆಳನ್ನು 1995ರಲ್ಲಿ ಹಲ್ಲಿನ ಡಾಕ್ಟರನನ್ನಾಗಿ ಇಳಿಸಿದರು, ಜನ ನಕ್ಕರು. ಮರುವರ್ಷ ಬೇರೊಬ್ಬ ಪೈಲ್ವಾನನ ಹೆಸರನ್ನೇ ಇವನಿಗೆ ಅಂಟಿಸಿದರು, ಜನ ಬೈದರು. 1997ರಲ್ಲಿ ಮುಖವಾಡ ಹಾಕಿ, ಬೆಂಕಿ ಹಚ್ಚಿ, ಕೇನ್ ಎಂದರು; ಜನ ನಡುಗಿದರು. 2018ರಲ್ಲಿ ಆತ ಟೆನೆಸಿ ರಾಜ್ಯದ ನಾಕ್ಸ್ ಕೌಂಟಿಗೆ ಮೇಯರ್ ಆದ. ಮೊದಲು ಕುಸ್ತಿ ಆಡಿ ಆಮೇಲೆ ಮೇಯರ್ ಆಗುವ ಕ್ರಮ ಅವರದು. ನಮ್ಮಲ್ಲಿ ಮೊದಲು ಮೇಯರ್ ಆಗಿ, ಕುಸ್ತಿ ಆಮೇಲೆ ಸಭೆಯಲ್ಲಿ.

ಹೆಸರು ಬದಲಿಸುವ ಈ ವಿದ್ಯೆಯೂ ನಮಗೆ ಬಂದಿದೆ. 2019ರ ಸೆಪ್ಟೆಂಬರಿನಲ್ಲಿ ಹೈದರಾಬಾದ್ ಕರ್ನಾಟಕ ಕಲ್ಯಾಣ ಕರ್ನಾಟಕವಾಯಿತು. ಹೊಸ ಹೆಸರು, ಹೊಸ ಬೋರ್ಡು, ಹೊಸ ಫ್ಲೆಕ್ಸು. ಹಳೆಯ ಹೆಸರಿನಲ್ಲಿ ಹಿಂದುಳಿದಿದ್ದವರು ಅಂದಿನಿಂದ ಕಲ್ಯಾಣವಾಗಿ ಹಿಂದುಳಿದರು. ಈಚೆಗೆ ರಾಯಚೂರು ನಗರಸಭೆ ಮಹಾನಗರ ಪಾಲಿಕೆಯೂ ಆಯಿತು. ಎರಡು ನದಿಗಳ ನಡುವೆ ಕೂತ ಊರಿನ ನಲ್ಲಿಗೆ ಈ ಬಡ್ತಿಯ ಸುದ್ದಿ ಮುಟ್ಟಿದಂತಿಲ್ಲ. ಇನ್ನು ಹಾಡು ಬದಲಿಸುವ ಮಾತು. ಹಿಮಾಚಲದ ದಲೀಪ್ ಸಿಂಗ್ ರಾಣಾ, ಅಂದರೆ ನಮ್ಮ ಗ್ರೇಟ್ ಖಲಿ, 2007ರಲ್ಲಿ ವಿಶ್ವ ಚಾಂಪಿಯನ್ ಆದವನು; ಮುಂದೆ ಅವನಿಗೆ ಹಚ್ಚಿದ ಹಾಡು ಪಂಜಾಬದ ಐದು ನದಿಗಳ ಹೆಸರಿನದು. ಇಂಡಿಯಾದವನೆಂದರೆ ಭಾಂಗ್ಡಾ, ಮುಗಿಯಿತು. ನಾಳೆ ಮಾನ್ವಿಯ ಹುಡುಗ ಅಲ್ಲಿ ಇಳಿದರೂ ಅದನ್ನೇ ಹಚ್ಚುತ್ತಾರೆ, ಅವನೂ ಕುಣಿಯುತ್ತಾನೆ, ನಾವೂ ಸ್ಟೇಟಸ್ ಹಾಕುತ್ತೇವೆ.

ತಮಾಷೆಯೆಂದರೆ ಕುಸ್ತಿಗೂ ಹಾಡಿಗೂ ಏನು ಸಂಬಂಧ ಎಂಬುದನ್ನು ಈ ನೆಲ ಬಹಳ ಹಿಂದೆಯೇ ತೀರ್ಮಾನಿಸಿತ್ತು. ಕಲ್ಯಾಣದಿಂದ ಆಳಿದ ಮೂರನೆಯ ಸೋಮೇಶ್ವರ 1129ರ ಸುಮಾರಿಗೆ ಬರೆದ ‘ಮಾನಸೋಲ್ಲಾಸ’ದ ನೂರು ಅಧ್ಯಾಯಗಳಲ್ಲಿ ಮಲ್ಲರ ಕಾಳಗಕ್ಕೆ ಒಂದು ಅಧ್ಯಾಯ, ಗೀತಕ್ಕೆ ಇನ್ನೊಂದು, ವಾದ್ಯಕ್ಕೆ ಮತ್ತೊಂದು. ದೊರೆಗೆ ಎರಡೂ ಬೇಕಿತ್ತು, ಕಲಸಲಿಲ್ಲ. ನಮ್ಮ ಕಡೆಯ ಮಣ್ಣಿನ ಕಣದಲ್ಲಿ ಹಲಗಿ ಇದೆ. ಆದರೆ ಹಲಗಿಯವನು ಪೈಲ್ವಾನನ ಚಡ್ಡಿ ನೋಡಿ ಬಾರಿಸುವುದಿಲ್ಲ, ಕಾಲು ನೋಡಿ ಬಾರಿಸುತ್ತಾನೆ. ಪಟ್ಟು ಬಿಗಿಯಾದಂತೆ ಅವನ ಕಡ್ಡಿ ಬಿರುಸಾಗುತ್ತದೆ; ಇಬ್ಬರೂ ಸುಮ್ಮನೆ ಹೆಗಲಿಗೆ ಹೆಗಲು ಕೊಟ್ಟು ನಿಂತರೆ ಹಲಗಿಯೂ ಆಕಳಿಸುತ್ತದೆ. ಇದನ್ನು ಸಾಹೇಬರ ಮೆರವಣಿಗೆಗೆ ಅನ್ವಯಿಸಿದರೆ ಜಿಲ್ಲೆಯ ಹಲಗಿಯವರೆಲ್ಲ ಉಪವಾಸ ಬೀಳುತ್ತಾರೆ.

ಮತ್ತೆ ಮಾನ್ವಿಯ ಮಾತು ಬಂದಾಗ ದಾಸರನ್ನು ಬಿಡುವುದು ಹೇಗೆ? ಚೀಕಲಪರ್ವಿಯ ವಿಜಯದಾಸರು, ದೇವದುರ್ಗ ತಾಲೂಕಿನ ಮೊಸರುಕಲ್ಲಿನ ಗೋಪಾಲದಾಸರು, ಮಾನ್ವಿಯ ಜಗನ್ನಾಥದಾಸರು. ತಂಬೂರಿ ಹೊತ್ತು ಊರೂರು ತಿರುಗಿದ ಇವರಿಗೂ ಒಬ್ಬೊಬ್ಬರಿಗೆ ಒಂದೊಂದು ಗುರುತು ಇತ್ತು, ಅಂಕಿತ. ಅದು ಬರುವುದು ಹಾಡಿನ ಕೊನೆಯ ಸಾಲಿನಲ್ಲಿ. ಹೇಳಬೇಕಾದ್ದನ್ನೆಲ್ಲ ಹೇಳಿ ಆದ ಮೇಲೆ ಹೆಸರು. ಅದೂ ತನ್ನದಲ್ಲ, ವಿಠ್ಠಲನದು. ಇವತ್ತು ಅವರು ರಾಯಚೂರಿಗೆ ಬಂದರೆ ಸ್ವಾಗತ ಸಮಿತಿಯವರು ಕೊನೆಯ ಸಾಲನ್ನು ಕತ್ತರಿಸಿ ಮೊದಲಿಗೆ ಹಾಕಿ, ಬೇಸ್ ಏರಿಸಿ, ವಿಠ್ಠಲನ ಜಾಗದಲ್ಲಿ ಅಧ್ಯಕ್ಷರ ಹೆಸರು ಕೂಡಿಸುತ್ತಿದ್ದರು. ಕಾರಹುಣ್ಣಿಮೆಗೆ ರಾಯಚೂರಿನಲ್ಲಿ ನಡೆಯುವ ಮುಂಗಾರು ಹಬ್ಬದಲ್ಲಿ ಎತ್ತುಗಳು ಭಾರದ ಕಲ್ಲು ಎಳೆಯುತ್ತವೆ. ಎಷ್ಟು ದೂರ ಎಳೆದವೆಂದು ಟೇಪು ಹಿಡಿದು ಅಳೆದು ಬಹುಮಾನ ಕೊಡುತ್ತಾರೆ. ಈ ಟೇಪನ್ನು ಹಬ್ಬ ಮುಗಿದ ಕೂಡಲೇ ಎಲ್ಲಿ ಬಚ್ಚಿಡುತ್ತಾರೆಂದು ಪತ್ತೆ ಹಚ್ಚಿ ಮಿನಿ ವಿಧಾನಸೌಧದ ಬಾಗಿಲಿಗೆ ತೂಗುಹಾಕಬೇಕೆಂದು ನನ್ನ ಬಹುದಿನದ ಆಸೆ. ಎತ್ತುಗಳು ಆಕ್ಷೇಪಿಸಲಿಕ್ಕಿಲ್ಲ.

ಅಕ್ಕನ ಮಗ ಈಗ ಆಟ ಕಡಿಮೆ ಮಾಡಿದ್ದಾನೆ. ಕೈಗೆ ಕೆಲಸ ಸಿಕ್ಕಿದೆ. ಹುಲಿಯ ಎಂಟ್ರಿಯ ವಿಡಿಯೋ ಯಾರೋ ನೋಡಿ, ಮುಂದಿನ ಚುನಾವಣೆಗೆ ನಿಲ್ಲಬೇಕೆಂದಿರುವ ಅಣ್ಣನೊಬ್ಬನ ಹುಡುಗರು ಬಂದು ಮಾತಾಡಿಸಿದರಂತೆ. ಕಾರಿನ ಬಾಗಿಲು ತೆರೆಯುವುದು, ಬಿಳಿ ಚಪ್ಪಲಿ ನೆಲಕ್ಕೆ ಊರುವುದು, ಕನ್ನಡಕ ಏರಿಸುವುದು, ಹಿಂದೆ ಹೊಗೆ, ಮೇಲೆ ಹಾಡು. ಮೊದಲ ರೀಲಿನ ಹಾಡನ್ನು ಹಕ್ಕುಸ್ವಾಮ್ಯದ ನೆಪದಲ್ಲಿ ಆ್ಯಪ್‌ನ ಕಂಪನಿ ಮುಚ್ಚಿಬಿಟ್ಟಿತು. ಅಣ್ಣ ಬಾಯಿ ಆಡಿಸುತ್ತಾ ಮೂಕನಾಗಿ ಇಳಿದದ್ದನ್ನು ನೋಡಿ ಜನ ಮೊದಲ ಸಲ ಮೆಚ್ಚಿಕೊಂಡರಂತೆ. ಎರಡನೆಯದಕ್ಕೆ ಹುಡುಗ ತಾನೇ ಹಲಗಿ ರೆಕಾರ್ಡ್ ಮಾಡಿ ಹಚ್ಚಿದ. ರೊಕ್ಕ ಕೈಗೆ ಬಂದಿದೆ, ಹೊಸ ಡಬ್ಬಿಯ ಮೇಲಿನ ಸಿಟ್ಟೂ ಇಳಿದಿದೆ.

“ಎಂಟ್ರಿ ಆತು. ಕುಸ್ತಿ ಯಾವಾಗಂತೋ?” ಎಂದು ಕೇಳಿದೆ.

“ಅದನ್ನ ಅವ್ರು ಹೇಳಿಲ್ಲ ಮಾಮ. ಎಂಟ್ರಿಗಷ್ಟ ರೊಕ್ಕ ಕೊಟ್ಟಾರ.”