ಠೇವಣಿಯ ಮೆನು

ಮುಂಬಯಿಯ ಬೈಕುಲ್ಲಾದ ಬ್ಯಾಂಕಿಗೆ ಕಾಲಿಟ್ಟರೆ ಸಾಕು, ಕೌಂಟರಿನ ಹುಡುಗಿ ಉಡುಪಿ ಹೋಟೆಲಿನ ಮಾಣಿಯ ಧಾಟಿಯಲ್ಲಿ "ಸೇವಿಂಗ್ಸಾ, ಕರೆಂಟಾ, ಎಫ್‌ಡಿಯಾ, ಆರ್‌ಡಿಯಾ?" ಎಂದು ಒಂದೇ ಉಸಿರಿಗೆ ಒದರುತ್ತಾಳೆ. ಕರೆಂಟ್ ಖಾತೆ ವ್ಯಾಪಾರಿಗಳಿಗಂತೆ, ಬಡ್ಡಿ ಇಲ್ಲ. ನನ್ನ ವ್ಯಾಪಾರವೋ ಭಾಜಿಯವಳ ಜೊತೆ ಕೊತ್ತಂಬರಿಗೆ ಚೌಕಾಸಿ ಮಾಡುವುದಷ್ಟೇ. ಎಫ್‌ಡಿ ನಡುವೆ ಮುರಿದರೆ ಬಡ್ಡಿಗೆ ಕತ್ತರಿ. ಆರ್‌ಡಿಗೆ ತಿಂಗಳು ತಿಂಗಳೂ ಕಟ್ಟಬೇಕು. ತಿಂಗಳ ಕೊನೆಗೆ ನನ್ನ ಜೇಬಿನಲ್ಲಿ ಉಳಿಯುವುದು ಲೋಕಲ್ ಪಾಸು.

ನಮ್ಮೂರ ಕಡೆಯ ಪಿಗ್ಮಿಯೇ ವಾಸಿ. 1928ರಲ್ಲಿ, ಮುಂದೆ ಸಿಂಡಿಕೇಟ್ ಬ್ಯಾಂಕಾದ ಸಂಸ್ಥೆ ಶುರುಮಾಡಿದ್ದು: ಏಜೆಂಟನೇ ಮನೆಗೆ ಬಂದು ದಿನಕ್ಕೆ ಎರಡಾಣೆ ಒಯ್ಯುತ್ತಿದ್ದ.

ಅಂದಹಾಗೆ, ಠೇವಣಿ ವಿಮಾ ನಿಗಮದ ಕಚೇರಿಯೂ ಬೈಕುಲ್ಲಾದಲ್ಲೇ ಇದೆ. ಬ್ಯಾಂಕು ಮುಳುಗಿದರೂ 5 ಲಕ್ಷದವರೆಗೆ ಭದ್ರ. ಮಿತಿ ಮೀರುವ ಚಿಂತೆ ನನಗಂತೂ ಇಲ್ಲ.